ಸತ್ತು ತೆರೆಗೆ ಬಂದ ನಟ

ಶಿವಮೊಗ್ಗದಲ್ಲಿ ಪಿ. ಲಂಕೇಶರ ಮಾತು ತೆಗೆದರೆ ಮೊದಲು ಬರುವುದು ಪತ್ರಿಕೆ. ಆಮೇಲೆ ಕಥೆಗಳು, ‘ಅವ್ವ’ ಪದ್ಯ, ನೀಲು. ಸಿನಿಮಾದ ಪ್ರಸ್ತಾಪ ಬಂದರೆ ‘ಪಲ್ಲವಿ’ಯ ಹೆಸರು ಹೇಳಿ, ಅದೊಂದು ಹುಚ್ಚು, ಕೆಲವು ವರ್ಷ ಹಿಡಿದಿತ್ತು, ಆಮೇಲೆ ಬಿಟ್ಟಿತು ಎಂದು ಮುಗಿಸುತ್ತಾರೆ. ನಟ ಲಂಕೇಶರ ಮಾತು ಬರುವುದೇ ಅಪರೂಪ. ಬಂದಾಗ ಕೇಳುವುದು ಒಂದೇ ತೀರ್ಪು: ‘ಸಂಸ್ಕಾರ’ದಲ್ಲಿ ಅವರು ನಾರಣಪ್ಪ ಆಗಿದ್ದರು, ನಿಜ, ಆದರೆ ಅದರಲ್ಲಿ ನಟಿಸುವುದೇನಿತ್ತು, ಅವರಿದ್ದದ್ದೇ ಹಾಗೆ. ಹೊಗಳುವವರೂ ಇದನ್ನೇ ಹೇಳುತ್ತಾರೆ, ತೆಗಳುವವರೂ ಇದನ್ನೇ ಹೇಳುತ್ತಾರೆ. ಎರಡು ಕಡೆಯವರೂ ಒಪ್ಪಿಬಿಟ್ಟ ಮಾತಾದ್ದರಿಂದ ಅದನ್ನು ಯಾರೂ ತಿರುಗಿಸಿ ನೋಡಿಲ್ಲ. ನನ್ನ ಮಟ್ಟಿಗೆ ಇದು ಪೂರ್ತಿ ತಪ್ಪು. ಅಷ್ಟೇ ಅಲ್ಲ, ಒಬ್ಬ ನಟನ ದುಡಿಮೆಯನ್ನು ಅವನ ಕೈಯಿಂದ ಕಿತ್ತು ಅವನ ಸ್ವಭಾವಕ್ಕೆ ಜಮೆ ಮಾಡುವ ನಮ್ಮ ಹಳೆಯ ಅಭ್ಯಾಸವೂ ಇದರಲ್ಲಿದೆ.

ಮೊದಲು ತಾರೀಖುಗಳನ್ನು ನೋಡೋಣ. ಲಂಕೇಶ್ ಹುಟ್ಟಿದ್ದು 1935ರ ಮಾರ್ಚ್ 8ರಂದು, ಶಿವಮೊಗ್ಗ ತಾಲ್ಲೂಕಿನ ಕೊನಗವಳ್ಳಿಯಲ್ಲಿ. ಪಟ್ಟಾಭಿರಾಮ ರೆಡ್ಡಿಯವರ ‘ಸಂಸ್ಕಾರ’ ಬಂದದ್ದು 1970ರಲ್ಲಿ. ‘ಲಂಕೇಶ್ ಪತ್ರಿಕೆ’ಯ ಮೊದಲ ಸಂಚಿಕೆ ಹೊರಬಿದ್ದದ್ದು 1980ರ ಜುಲೈ 6ರಂದು. ಮುಖ್ಯಮಂತ್ರಿಗಳನ್ನೂ ಮಠಾಧಿಪತಿಗಳನ್ನೂ ಎದುರು ನಿಲ್ಲಿಸಿ ಕೇಳಿದ, ಜಾಹೀರಾತಿಲ್ಲದೆ ಪತ್ರಿಕೆ ನಡೆಸಿದ, ಸ್ನೇಹಿತರೂ ಹೆದರುತ್ತಿದ್ದ ಆ ಲಂಕೇಶ್ ಹುಟ್ಟುವುದಕ್ಕೆ ಚಿತ್ರ ಬಂದಮೇಲೆ ಹತ್ತು ವರ್ಷ ಬೇಕಾಯಿತು. ಕ್ಯಾಮೆರಾದ ಮುಂದೆ ನಿಂತವರು ಮೂವತ್ತೈದರ ಆಸುಪಾಸಿನ ಒಬ್ಬ ಇಂಗ್ಲಿಷ್ ಮೇಷ್ಟರು. ಸಹ್ಯಾದ್ರಿ ಕಾಲೇಜಿನಲ್ಲಿ ಪಾಠ ಶುರುಮಾಡಿ ಬೆಂಗಳೂರಿಗೆ ಹೋದವರು. ‘ಕೆರೆಯ ನೀರನು ಕೆರೆಗೆ ಚೆಲ್ಲಿ’ ಕಥಾಸಂಕಲನ, ‘ಬಿರುಕು’ ಕಾದಂಬರಿ, ಕೆಲವು ನಾಟಕಗಳು, ನವ್ಯರ ನಡುವೆ ಒಂದು ಹೆಸರು. ಅವರು ಖಾರದ ಮನುಷ್ಯ ಎಂಬುದು ಗೆಳೆಯರ ಬಳಗಕ್ಕೆ ಗೊತ್ತಿದ್ದೀತು, ನಾಡಿಗೆ ಗೊತ್ತಿರಲಿಲ್ಲ. ನಾವು ಮಾಡುತ್ತಿರುವುದೇನೆಂದರೆ 1980ರ ದಶಕದ ಸಂಪಾದಕನನ್ನು ಹಿಂದಕ್ಕೆ ಒಯ್ದು 1970ರ ಪಾತ್ರದೊಳಗೆ ಕೂರಿಸಿ, ನೋಡಿ, ಅವನೇ ಇವನು ಎನ್ನುವುದು. ನಿಜ ಇದಕ್ಕೆ ತಿರುವುಮುರುವಾಗಿಯೂ ಇದ್ದೀತು: ಆ ಪಾತ್ರವನ್ನು ಕಟ್ಟುವಾಗ ಕಂಡುಕೊಂಡ ಧೈರ್ಯ, ಎದುರಿಗಿದ್ದವರ ಕಣ್ಣಲ್ಲಿ ಕಣ್ಣಿಟ್ಟು ನಗುವ ರೀತಿ, ಮುಂದೆ ಸಂಪಾದಕನಿಗೆ ಒದಗಿರಬಹುದು. ಇದನ್ನು ಸಾಧಿಸಿ ತೋರಿಸಲು ಆಗದು. ಆದರೆ ಕಾಲಕ್ರಮ ಈ ಊಹೆಗೆ ಎದುರಾಗಿಲ್ಲ. ಮೊದಲಿನ ತೀರ್ಪಿಗೆ ಎದುರಾಗಿದೆ.

ಈಗ ಪಾತ್ರಕ್ಕೆ ಬರೋಣ. ಅನಂತಮೂರ್ತಿಯವರ ಕಾದಂಬರಿಯನ್ನು ಓದಿದವರಿಗೆ ಕಥೆಯ ಆರಂಭ ಮರೆಯುವಂಥದಲ್ಲ. ಶಿವಮೊಗ್ಗಕ್ಕೆ ಹೋಗಿ ಬಂದ ನಾರಣಪ್ಪ ಜ್ವರದಿಂದ ಮಲಗಿದವನು ಏಳಲಿಲ್ಲ. ಕುಂದಾಪುರದ ಚಂದ್ರಿ ಆ ಸುದ್ದಿ ಹೊತ್ತು ಪ್ರಾಣೇಶಾಚಾರ್ಯರ ಬಾಗಿಲಿಗೆ ಬರುತ್ತಾಳೆ. ಹೆಣ ಎತ್ತುವ ತನಕ ಅಗ್ರಹಾರ ಉಣ್ಣುವಂತಿಲ್ಲ. ಹೆಣ ಎತ್ತುವವರು ಯಾರು ಎಂಬುದು ತೀರ್ಮಾನವಾಗುವುದಿಲ್ಲ. ಅಂದರೆ ಇಡೀ ಕಥೆಯನ್ನು ತಿರುಗಿಸುವ ಗೂಟ ನಾರಣಪ್ಪ, ಆದರೆ ಅವನು ನಮ್ಮ ಮುಂದೆ ಬರುವ ಹೊತ್ತಿಗೆ ಸತ್ತಿದ್ದಾನೆ. ಜೀವಂತವಾಗಿ ಅವನು ಕಾಣಿಸುವುದು ಬೇರೆಯವರ ನೆನಪಿನಲ್ಲಿ ಮಾತ್ರ. ನಟನೊಬ್ಬನಿಗೆ ಇದಕ್ಕಿಂತ ಕಷ್ಟದ ಕರಾರು ಬೇಕೆ? ಪ್ರವೇಶವಿಲ್ಲ, ಬೆಳವಣಿಗೆಯಿಲ್ಲ, ನಿರ್ಗಮನವಿಲ್ಲ. ಅಲ್ಲಿ ಇಲ್ಲಿ ನೆನಪಿನ ತುಣುಕುಗಳು, ಅವೂ ಅವನನ್ನು ದ್ವೇಷಿಸಿದವರ, ಅವನಿಗೆ ಹೆದರಿದವರ, ಅವನ ವಿಷಯದಲ್ಲಿ ಮನಸ್ಸು ಕಹಿಯಾದವರ ನೆನಪುಗಳು. ಅವುಗಳ ನಡುವೆಯೇ ಒಬ್ಬ ಇಡೀ ಮನುಷ್ಯ ನಮಗೆ ಸಿಗಬೇಕು.

ನಾರಣಪ್ಪನನ್ನು ಪುಂಡನಾಗಿ ಮಾಡುವುದು ಸುಲಭ. ಕುಡಿಯುತ್ತಾನೆ, ಮಾಂಸ ತಿನ್ನುತ್ತಾನೆ, ಸಾಲಿಗ್ರಾಮವನ್ನು ಹೊಳೆಗೆ ಎಸೆಯುತ್ತಾನೆ, ದೇವರ ಹೊಂಡದ ಮೀನು ಹಿಡಿಯುತ್ತಾನೆ. ಹವ್ಯಾಸಿ ನಾಟಕದ ಯಾವ ನಟನ ಕೈಗೆ ಕೊಟ್ಟರೂ ಕಣ್ಣು ಕೆಂಪಗೆ ಮಾಡಿ, ಎದೆಯುಬ್ಬಿಸಿ, ಗಹಗಹಿಸಿ ಒಪ್ಪಿಸಿಬಿಡುತ್ತಾನೆ. ಹಾಗೆ ಮಾಡಿದ್ದರೆ ಚಿತ್ರ ಎರಡು ಕಡೆ ಕುಸಿಯುತ್ತಿತ್ತು. ಒಂದು, ಚಂದ್ರಿ. ಅವಳು ಹತ್ತು ವರ್ಷ ಅವನೊಂದಿಗೆ ಬಾಳಿದವಳು. ಅವನ ಹೆಣಕ್ಕೆ ಗತಿ ಕಾಣಿಸಲು ಮೈಮೇಲಿನ ಚಿನ್ನ ಬಿಚ್ಚಿಟ್ಟವಳು. ಅವಳು ಆ ಪುಂಡನಲ್ಲಿ ಏನು ಕಂಡಳು ಎಂಬುದಕ್ಕೆ ಉತ್ತರವಿಲ್ಲದಿದ್ದರೆ ಸ್ನೇಹಲತಾ ರೆಡ್ಡಿಯವರ ಚಂದ್ರಿಯ ದುಃಖಕ್ಕೆ ಬುಡವೇ ಇರುವುದಿಲ್ಲ. ಎರಡು, ಆಚಾರ್ಯರ ಪತನ. ಚಿತ್ರದ ಉತ್ತರಾರ್ಧದಲ್ಲಿ ಪ್ರಾಣೇಶಾಚಾರ್ಯ ಅಗ್ರಹಾರ ಬಿಟ್ಟು ಅಲೆಯುತ್ತಾನೆ. ನಾರಣಪ್ಪ ಹೋದ ದಾರಿಯಲ್ಲೇ ತಾನೂ ಹೋಗುತ್ತಿದ್ದೇನೆಯೇ ಎಂಬ ದಿಗಿಲು ಅವನಿಗೆ. ನಾರಣಪ್ಪ ಬರೀ ದಾರಿತಪ್ಪಿದ ಕುಡುಕನಾಗಿದ್ದರೆ ಆ ದಿಗಿಲಿಗೆ ಅರ್ಥವಿಲ್ಲ. ಒಬ್ಬ ಪಂಡಿತ ಜಾರಿಬಿದ್ದ ಕಥೆಯಾಗಿ ಎಲ್ಲ ಮುಗಿದುಹೋಗುತ್ತದೆ. ಅವನೂ ಒಂದು ಬಗೆಯ ಹುಡುಕಾಟದಲ್ಲಿದ್ದವನು, ಅವನ ಬದುಕಿಗೂ ಒಂದು ತರ್ಕವಿತ್ತು ಎಂದು ನಮಗೆ ಅನ್ನಿಸಿದರೆ ಮಾತ್ರ ಆಚಾರ್ಯನ ಅಲೆದಾಟ ನಮ್ಮನ್ನು ಅಲುಗಿಸುತ್ತದೆ. ತೆರೆಯ ಮೇಲೆ ಇಲ್ಲದ ಹೊತ್ತಿನಲ್ಲೂ ಪಾತ್ರ ಕೆಲಸ ಮಾಡುತ್ತಿರಬೇಕು. ಲಂಕೇಶರ ನಾರಣಪ್ಪ ಕೊನೆಯವರೆಗೂ ಕೆಲಸ ಮಾಡುತ್ತಾನೆ.

ಅವರು ಇದನ್ನು ಸಾಧಿಸಿದ್ದು ನಿರಾಳತೆಯಿಂದ. ಗಿರೀಶ ಕಾರ್ನಾಡರ ಆಚಾರ್ಯ ತನ್ನನ್ನು ತಾನು ಬಿಗಿದುಕೊಂಡವನು. ಮಾತು, ನಡೆ, ನೋಟ ಎಲ್ಲದರಲ್ಲೂ ಒಂದು ಕಾವಲಿದೆ. ಅವನೆದುರು ಲಂಕೇಶ್ ತನ್ನ ಮನೆಯ ಜಗಲಿಯಲ್ಲಿ ತಾನಿದ್ದೇನೆ ಎಂಬಂತೆ ಇದ್ದುಬಿಡುತ್ತಾರೆ. ಕಾರ್ನಾಡರ ಆಚಾರ್ಯ ಚಿಂತಿಸುತ್ತಿರುವುದು ನಮಗೆ ಕಾಣುತ್ತದೆ. ಲಂಕೇಶರ ನಾರಣಪ್ಪ ಚಿಂತಿಸಿ ಮುಗಿಸಿದವನು. ಈ ವ್ಯತ್ಯಾಸ ಸ್ವಭಾವದಿಂದ ತಾನಾಗಿ ಬರುವುದಿಲ್ಲ. ನಿಜಜೀವನದಲ್ಲಿ ಸಿಡುಕಿನ ಮನುಷ್ಯ ಕ್ಯಾಮೆರಾದ ಮುಂದೆಯೂ ಸಿಡುಕುತ್ತಾನೆ, ಅಥವಾ ಹೆದರಿ ಕಲ್ಲಾಗುತ್ತಾನೆ. ಸಿಡುಕನ್ನು ಒಳಗಿಟ್ಟುಕೊಂಡು ಹೊರಗೆ ನೆಮ್ಮದಿ ತೋರಿಸುವುದನ್ನು ಅಭಿನಯ ಎನ್ನದೆ ಬೇರೇನೆನ್ನಬೇಕು?

ಕಾದಂಬರಿಯ ಒಂದು ಸಂಗತಿ ಇಲ್ಲಿ ಮುಖ್ಯ. ಆಚಾರ್ಯರು ರಸವತ್ತಾಗಿ ಶಾಕುಂತಲದ ವರ್ಣನೆ ಓದಿದರು, ಅದನ್ನು ಕೇಳಿದ ಹುಡುಗನೊಬ್ಬನ ಮೈ ಬಿಸಿಯಾಗಿ ಹೊಳೆಯ ದಾರಿಯಲ್ಲಿ ಸಿಕ್ಕ ಹೆಣ್ಣಿನ ಬಳಿಗೆ ಹೋದ. ನಿಮ್ಮ ಕಾವ್ಯ ಮಾಡಿದ ಕೆಲಸ ನೋಡಿ ಎಂದು ನಾರಣಪ್ಪ ಆಚಾರ್ಯರನ್ನು ಚುಚ್ಚುತ್ತಾನೆ. ಕುಡುಕನ ಬಾಯಲ್ಲಿ ಬರುವ ಮಾತಲ್ಲ ಇದು. ಕಾವ್ಯಕ್ಕೆ ಮೈಯನ್ನು ಮುಟ್ಟುವ ಶಕ್ತಿಯಿದೆ ಎಂಬುದನ್ನು ಅಗ್ರಹಾರದ ಮಹಾಪಂಡಿತನಿಗಿಂತ ಚೆನ್ನಾಗಿ ಬಲ್ಲ ಓದುಗನ ಮಾತು. ನಾರಣಪ್ಪ ಆಚಾರ್ಯರ ವೈರಿಯಲ್ಲ, ಅವರ ಅತ್ಯಂತ ಚುರುಕಾದ ವಿಮರ್ಶಕ. ಈ ಪಾತ್ರಕ್ಕೆ ಸಾಹಿತ್ಯ ಪಾಠಮಾಡುವ, ನಾಟಕ ಬರೆಯುವ, ಮಾತಿನ ತೂಕ ಬಲ್ಲ ಮನುಷ್ಯ ಸಿಕ್ಕಿದ್ದು ಚಿತ್ರದ ಪುಣ್ಯ. ಪಟ್ಟಾಭಿ ಸ್ವತಃ ತೆಲುಗಿನ ಹೊಸ ಕಾವ್ಯಕ್ಕೆ ದಾರಿ ತೆರೆದ ಕವಿ. ಅವರು ಒಬ್ಬ ಒರಟನನ್ನು ಆರಿಸಿಕೊಂಡರು ಎಂದು ನಾವು ತಿಳಿದಿದ್ದೇವೆ. ಒಬ್ಬ ಓದುಗನನ್ನು ಆರಿಸಿಕೊಂಡರು ಎಂದು ನನಗನ್ನಿಸುತ್ತದೆ.

ನಾರಣಪ್ಪ ಬದುಕಿ ಸಾಯುವ ಲೋಕಕ್ಕೂ ಲಂಕೇಶ್ ಬಂದ ಲೋಕಕ್ಕೂ ನಡುವೆ ಇದ್ದ ಅಂತರವನ್ನು ಕೂಡ ನಮ್ಮ ವಿಮರ್ಶೆ ಗಮನಿಸಿಲ್ಲ. ಲಂಕೇಶ್ ಲಿಂಗಾಯತ ರೈತ ಕುಟುಂಬದವರು. ಮಾಧ್ವ ಅಗ್ರಹಾರದ ಜಗಲಿ, ಮಡಿ, ಪಂಕ್ತಿ ಯಾವುದೂ ಅವರ ಬಾಲ್ಯದ್ದಲ್ಲ. ಆತ್ಮಕಥನ ‘ಹುಳಿಮಾವಿನ ಮರ’ ಓದಿದವರಿಗೆ ಅವರು ಬೆಳೆದದ್ದು ಎಂಥ ಮನೆಯಲ್ಲಿ, ಎಂಥ ತಾಯಿಯ ನೆರಳಲ್ಲಿ ಎಂಬುದು ಗೊತ್ತು. ‘ಅವರಿದ್ದದ್ದೇ ಹಾಗೆ’ ಎನ್ನುವವರು ಇದನ್ನು ಹೇಗೆ ಮರೆಯುತ್ತಾರೋ ತಿಳಿಯದು. ನಾರಣಪ್ಪನ ಬಂಡಾಯ ಒಳಗಿನವನ ಬಂಡಾಯ. ಅವನು ಒದೆಯುವುದು ತಾನು ಕುಳಿತ ಮಣೆಯನ್ನೇ. ಲಂಕೇಶ್ ಆ ಮಣೆಯ ಮೇಲೆ ಎಂದೂ ಕುಳಿತವರಲ್ಲ. ಹೊರಗಿನವನ ಸಿಟ್ಟು ಒಂದು ಬಗೆ, ಒಳಗಿನವನ ಸಿಟ್ಟು ಇನ್ನೊಂದು ಬಗೆ. ಎರಡನೆಯದರಲ್ಲಿ ತನ್ನದನ್ನು ತಾನೇ ಕಳೆದುಕೊಳ್ಳುವ ನೋವು ಬೆರೆತಿರುತ್ತದೆ. ಅದನ್ನು ಲಂಕೇಶ್ ಊಹಿಸಿ ಕಟ್ಟಬೇಕಾಯಿತು. ಹಾಗೆ ನೋಡಿದರೆ ಮೂರು ಮುಖ್ಯ ಪಾತ್ರಗಳವರೂ ಆ ಅಗ್ರಹಾರಕ್ಕೆ ಹೊರಗಿನವರೇ. ಕಾರ್ನಾಡ್ ಶಿರಸಿ, ಧಾರವಾಡಗಳಲ್ಲಿ ಬೆಳೆದು ಆಕ್ಸ್‌ಫರ್ಡಿಗೆ ಹೋಗಿ ಬಂದ ಕೊಂಕಣಿ ಮನೆಮಾತಿನವರು. ಸ್ನೇಹಲತಾ ಕ್ರೈಸ್ತ ಕುಟುಂಬದಲ್ಲಿ ಹುಟ್ಟಿದವರು. ಛಾಯಾಗ್ರಾಹಕ ಟಾಮ್ ಕೋವನ್ ಆಸ್ಟ್ರೇಲಿಯಾದವರು. ಇದರಿಂದ ಚಿತ್ರದ ಅಗ್ರಹಾರ ಅಷ್ಟು ‘ಅಸಲಿ’ಯಾಗಿಲ್ಲ ಎಂದು ಆಗ ಅಂದವರಿದ್ದರು, ಈಗಲೂ ಇದ್ದಾರೆ. ನನಗೆ ಆ ದೂರವೇ ಚಿತ್ರದ ಬಲ ಅನ್ನಿಸುತ್ತದೆ. ಬಲ್ಲವರು ಸುಮ್ಮನೆ ಕಣ್ಣುಹಾಯಿಸಿ ಬಿಡುತ್ತಿದ್ದುದನ್ನು ಇವರು ನಿಂತು ನೋಡಿದರು.

ಮದ್ರಾಸಿನ ಸೆನ್ಸಾರ್ ಮಂಡಳಿ ಮೊದಲು ಚಿತ್ರವನ್ನು ತಡೆಹಿಡಿಯಿತು. ಆ ತಡೆ ತೆರವಾಗಿ ಬಿಡುಗಡೆಯಾದ ಮೇಲೆ ‘ಸಂಸ್ಕಾರ’ 1970ರ ಅತ್ಯುತ್ತಮ ಕಥಾಚಿತ್ರವೆಂದು ಸ್ವರ್ಣಕಮಲ ಪಡೆಯಿತು. ಕನ್ನಡಕ್ಕೆ ಅದು ಮೊದಲ ಸ್ವರ್ಣಕಮಲ. ಆಮೇಲೆ ಬರೆದ ಬಹುಪಾಲು ಬರಹಗಳು ಚಿತ್ರವನ್ನು ಕಾರ್ನಾಡರ ಸುತ್ತ ನೋಡಿದವು. ಅದರಲ್ಲಿ ಅನ್ಯಾಯವೇನಿಲ್ಲ, ಚಿತ್ರಕಥೆ ಅವರದು, ಭಾರದ ಪಾತ್ರ ಅವರದು. ತುರ್ತುಪರಿಸ್ಥಿತಿಯಲ್ಲಿ ಸೆರೆಮನೆ ಸೇರಿ, ಹೊರಬಂದ ಕೆಲವೇ ದಿನಗಳಲ್ಲಿ 1977ರ ಜನವರಿಯಲ್ಲಿ ತೀರಿಕೊಂಡ ಸ್ನೇಹಲತಾ ಅವರನ್ನು ನೆನೆಯುವಾಗ ಚಂದ್ರಿ ನೆನಪಾಗುತ್ತಾಳೆ, ಅದೂ ಸರಿಯೇ. ಉಳಿದದ್ದು ನಾರಣಪ್ಪ. ಹೆಣದ ಪಾತ್ರ ಎಂದು ಅದನ್ನು ಬದಿಗಿಟ್ಟದ್ದು ಮಾತ್ರ ಸರಿಯಲ್ಲ.

ಇಲ್ಲಿ ಭದ್ರಾವತಿಯ ಮಾತು ಬರಬೇಕು. ಶಿವಮೊಗ್ಗದಿಂದ ಅರ್ಧ ಗಂಟೆಯ ದಾರಿಯಲ್ಲಿರುವ ಈ ಊರಿನ ಕಬ್ಬಿಣದ ಕಾರ್ಖಾನೆ ಉತ್ಪಾದನೆ ಶುರುಮಾಡಿದ್ದು 1923ರಲ್ಲಿ. ಶಿಫ್ಟು, ಕ್ವಾರ್ಟರ್ಸು, ಸಂಬಳದ ದಿನದ ಸಂತೆ ಇವುಗಳ ಜೊತೆಗೆ ಕಾರ್ಮಿಕರ ನಾಟಕಗಳೂ ಅಲ್ಲಿ ಬೆಳೆದವು. ಅರಸೀಕೆರೆಯಲ್ಲಿ ಹುಟ್ಟಿದ ದೊಡ್ಡಣ್ಣ ಆ ಕಾರ್ಖಾನೆಯಲ್ಲಿ ದುಡಿಯುತ್ತ ಬಣ್ಣ ಹಚ್ಚಿದವರು, ಅಲ್ಲಿಂದ ಚಿತ್ರರಂಗಕ್ಕೆ ಹೋದವರು. ಲಂಕೇಶರ ನಟನೆ ಒಂದು ಚಿತ್ರಕ್ಕೆ ನಿಂತಿತು, ದೊಡ್ಡಣ್ಣನವರದು ನೂರಾರು ಚಿತ್ರಗಳಿಗೆ ಹಬ್ಬಿತು. ಇಬ್ಬರನ್ನೂ ಒಂದೇ ಉಸಿರಿನಲ್ಲಿ ಹೇಳುವುದು ಕೆಲವರಿಗೆ ವಿಚಿತ್ರ ಕಾಣಬಹುದು. ಆದರೆ ಇಬ್ಬರಿಗೂ ನಾವು ಮಾಡಿರುವ ಅನ್ಯಾಯ ಒಂದೇ. ದೊಡ್ಡಣ್ಣನವರನ್ನು ಕೇಳಿದರೆ ಜನ ಮೊದಲು ಹೇಳುವುದು ಅವರ ಮೈಕಟ್ಟನ್ನು. ಆ ಗಾತ್ರ ಇದ್ದರೆ ಯಾರಾದರೂ ನಗಿಸಬಹುದು ಎಂಬ ಧಾಟಿ. ಅದೇ ಗಾತ್ರ ಖಳನಾದಾಗ ಹೆದರಿಸಿತು, ತಂದೆಯ ಪಾತ್ರದಲ್ಲಿ ಕಣ್ಣು ತೇವ ಮಾಡಿಸಿತು ಎಂಬುದನ್ನು ಯಾರೂ ಲೆಕ್ಕಕ್ಕೆ ತೆಗೆದುಕೊಳ್ಳುವುದಿಲ್ಲ. ಮೈ ಒಂದೇ, ಪರಿಣಾಮ ಮೂರು. ಹಾಗಾದರೆ ಆ ವ್ಯತ್ಯಾಸವನ್ನು ತಂದವರು ಯಾರು? ದನಿ ಏರಿಸಿ ಇಳಿಸುವುದನ್ನು, ಎದುರಿನ ನಟನ ಮಾತು ಮುಗಿಯುವ ಮೊದಲೇ ಮುಖ ಬದಲಿಸುವುದನ್ನು ಮೈಕಟ್ಟು ಕಲಿಸುತ್ತದೆಯೇ? ಕಾರ್ಖಾನೆಯ ಕೆಲಸ ಮುಗಿಸಿ ರಾತ್ರಿ ತಾಲೀಮಿಗೆ ಕೂತ ಒಂದು ಊರಿನ ನಾಟಕದ ಅಭ್ಯಾಸ ಅದರ ಹಿಂದಿದೆ. ಒಬ್ಬನ ನಟನೆಯನ್ನು ಅವನ ಮೈಗೂ ಇನ್ನೊಬ್ಬನ ನಟನೆಯನ್ನು ಅವನ ಸ್ವಭಾವಕ್ಕೂ ಒಪ್ಪಿಸಿಬಿಟ್ಟರೆ ನಟನೆ ಎಂಬ ವಿದ್ಯೆಗೆ ಈ ಜಿಲ್ಲೆಯಲ್ಲಿ ಉಳಿಯುವುದೇನು?

ಒಂದೇ ಚಿತ್ರ ಎಂಬುದು ಲಂಕೇಶರ ವಿರುದ್ಧದ ಇನ್ನೊಂದು ವಾದ. ಒಂದು ಪಾತ್ರ ಮಾಡಿ ಬಿಟ್ಟವನನ್ನು ನಟ ಎನ್ನಬಹುದೇ? ಇದಕ್ಕೆ ಫ್ರಾನ್ಸಿನ ಒಂದು ನಿದರ್ಶನವಿದೆ. ನಿರ್ದೇಶಕ ರೊಬೇರ್ ಬ್ರೆಸ್ಸೋನ್ 1956ರಲ್ಲಿ ‘ಎ ಮ್ಯಾನ್ ಎಸ್ಕೇಪ್ಡ್’ ಎಂದು ಜಗತ್ತಿಗೆ ಗೊತ್ತಾದ ಚಿತ್ರ ಮಾಡಿದ. ಎರಡನೆಯ ಮಹಾಯುದ್ಧದ ಕಾಲದಲ್ಲಿ ಲಿಯೋನ್ ನಗರದ ಜೈಲಿನಿಂದ ಜರ್ಮನರ ಕಣ್ಣು ತಪ್ಪಿಸಿ ಪಾರಾದ ಆಂದ್ರೆ ದೆವಿನ್ಯಿ ಎಂಬ ಯೋಧನ ಅನುಭವ ಅದರ ಮೂಲ. ಕೈದಿ ಫೊಂತೇನ್ ಪಾತ್ರಕ್ಕೆ ಬ್ರೆಸ್ಸೋನ್ ಆರಿಸಿಕೊಂಡದ್ದು ವೃತ್ತಿನಟನನ್ನಲ್ಲ, ಫ್ರಾನ್ಸ್ವಾ ಲೆತೆರಿಯೇ ಎಂಬ ಇಪ್ಪತ್ತರ ಹರೆಯದ ತರುಣನನ್ನು. ಬಾಗಿಲ ಹಲಗೆಯನ್ನು ಚಮಚದಿಂದ ಕೆರೆಯುವ ಆ ಕೈಗಳನ್ನೂ ಆ ಕಣ್ಣುಗಳನ್ನೂ ಒಮ್ಮೆ ನೋಡಿದವರು ಮರೆಯಲಾರರು. ಮರುವರ್ಷ ಕಾನ್ ಉತ್ಸವದಲ್ಲಿ ಬ್ರೆಸ್ಸೋನ್‌ಗೆ ನಿರ್ದೇಶನದ ಪ್ರಶಸ್ತಿ ಬಂತು. ಲೆತೆರಿಯೇ ನಟನಾಗಿ ಮೆರೆಯಲು ಹೋಗಲಿಲ್ಲ, ನಿರ್ದೇಶಕನಾದ. 1961ರಲ್ಲಿ ಮೊದಲ ಚಿತ್ರ ಮಾಡಿದ. ಅವನ ಚಿತ್ರಗಳು ಏರಿದವು, ಇಳಿದವು, ಹೆಸರು ಮಸುಕಾಯಿತು. ಆದರೂ ಫೊಂತೇನ್ ಪಾತ್ರವನ್ನು ಅವನ ಬದುಕಿನ ಒಂದು ಆಕಸ್ಮಿಕ ಎಂದು ಚಿತ್ರ ಬಲ್ಲವರು ತಳ್ಳಿಹಾಕಿಲ್ಲ. ಆ ಮುಖವಿಲ್ಲದೆ ಆ ಚಿತ್ರವಿಲ್ಲ ಎಂದು ಎಲ್ಲರೂ ಒಪ್ಪುತ್ತಾರೆ.

ಲೆತೆರಿಯೇಯಂತೆಯೇ ಲಂಕೇಶ್ ಕ್ಯಾಮೆರಾದ ಮುಂದಿನಿಂದ ಹಿಂದಕ್ಕೆ ನಡೆದವರು. ಇಬ್ಬರ ನಡುವೆ ದೊಡ್ಡ ವ್ಯತ್ಯಾಸವೂ ಇದೆ. ಬ್ರೆಸ್ಸೋನ್ ತನ್ನ ಜನರಿಂದ ಭಾವ ತೋರಿಸುವ ಅಭ್ಯಾಸವನ್ನೇ ಸವೆಸಿ ತೆಗೆಯುತ್ತಿದ್ದ, ಅವರನ್ನು ನಟರೆಂದು ಕರೆಯುತ್ತಿರಲಿಲ್ಲ. ಪಟ್ಟಾಭಿಯವರ ಬಳಗ ಮದ್ರಾಸ್ ಪ್ಲೇಯರ್ಸ್ ರಂಗತಂಡದ ನಂಟಿನದು, ಮಾತಿಗೂ ಮುಖಕ್ಕೂ ಅಲ್ಲಿ ಅವಕಾಶವಿತ್ತು. ಆದರೆ ಕಲಿತದ್ದನ್ನು ಒಯ್ದ ರೀತಿಯಲ್ಲಿ ಇಬ್ಬರೂ ಹತ್ತಿರದವರು. ‘ಸಂಸ್ಕಾರ’ದ ಬಳಿಕ ಲಂಕೇಶ್ ಸುಮ್ಮನೆ ಸಾಹಿತ್ಯಕ್ಕೆ ಹಿಂತಿರುಗಿದರು ಎನ್ನುವುದು ಸುಳ್ಳು. ಆ ಚಿತ್ರದ ಆಸುಪಾಸಿನ ವರ್ಷಗಳಲ್ಲಿ ಅವರು ಮಾಡಿದ್ದನ್ನು ಸಾಲಾಗಿ ನೋಡಿ. ಸೊಫೋಕ್ಲಿಸನ ಈಡಿಪಸ್ ಮತ್ತು ಅಂತಿಗೊನೆಯನ್ನು ಕನ್ನಡಕ್ಕೆ ತಂದರು. ಬಿ.ವಿ. ಕಾರಂತರು ರವೀಂದ್ರ ಕಲಾಕ್ಷೇತ್ರದ ಬಯಲಿನಲ್ಲಿ ಆಡಿಸಿದ ಹೆಸರಾಂತ ನಾಟಕಗಳಲ್ಲಿ ಈ ‘ಈಡಿಪಸ್’ ಇತ್ತು, ಲಂಕೇಶರದೇ ‘ಸಂಕ್ರಾಂತಿ’ಯೂ ಇತ್ತು. ಈಡಿಪಸ್ ತೆರೆದುಕೊಳ್ಳುವುದು ಮಾರಿ ಬಡಿದ ಊರಿನಲ್ಲಿ. ಒಬ್ಬನ ಪಾಪಕ್ಕೆ ಊರೇ ಸಾಯುತ್ತಿದೆಯೇ ಎಂಬ ಪ್ರಶ್ನೆಯೊಂದಿಗೆ. ಅಂತಿಗೊನೆಯ ತಿರುಳು ಅಂತ್ಯಕ್ರಿಯೆ ನಿರಾಕರಿಸಲಾದ ಒಂದು ಹೆಣ. ಪ್ಲೇಗಿನಲ್ಲಿ ಸತ್ತು ಹೆಣವಾಗಿ ಬಿದ್ದ ಮನುಷ್ಯನ ಪಾತ್ರ ವಹಿಸಿದವರು ಅದೇ ಕಾಲದಲ್ಲಿ ಈ ಎರಡೇ ನಾಟಕಗಳಲ್ಲಿ ಮುಳುಗಿದ್ದರು ಎಂಬುದನ್ನು ಕಾಕತಾಳೀಯ ಎಂದು ಬಿಡಲು ನನ್ನ ಮನಸ್ಸು ಒಪ್ಪುವುದಿಲ್ಲ. ಅದೇ ದಶಕದಲ್ಲಿ ಫ್ರೆಂಚ್ ಕವಿ ಬೋದಿಲೇರನನ್ನು ‘ಪಾಪದ ಹೂಗಳು’ ಎಂದು ಕನ್ನಡಿಸಿದರು. ಹೊಲಸು, ಕಾಮ, ಕೊಳೆತ, ಬೇಸರ ಇವುಗಳ ನಡುವೆ ಚೆಲುವನ್ನು ಹುಡುಕಿ 1857ರಲ್ಲಿ ಕೋರ್ಟಿನಲ್ಲಿ ದಂಡ ಕಟ್ಟಿದ ಆ ಕವಿಯನ್ನು ಅರ್ಥಮಾಡಿಕೊಳ್ಳಲು ನಾರಣಪ್ಪನಿಗಿಂತ ಒಳ್ಳೆಯ ಬಾಗಿಲು ಬೇರೆ ಇಲ್ಲ.

ಅನಂತಮೂರ್ತಿಯವರಿಗೆ ಈ ಕಥೆಯ ಎಳೆ ಸಿಕ್ಕಿದ್ದು ಬರ್ಮಿಂಗ್‌ಹ್ಯಾಮಿನಲ್ಲಿ, ಬರ್ಗ್‌ಮನ್ನನ ‘ದಿ ಸೆವೆಂತ್ ಸೀಲ್’ ನೋಡಿದ ಮೇಲೆ ಎಂಬುದು ಎಲ್ಲರಿಗೂ ಗೊತ್ತು. ಅದರಲ್ಲೂ ಪ್ಲೇಗಿದೆ. ಒಂದು ಸ್ವೀಡಿಷ್ ಚಿತ್ರದಿಂದ ಕನ್ನಡದ ಕಾದಂಬರಿ, ಕಾದಂಬರಿಯಿಂದ ಚಿತ್ರ, ಆ ಚಿತ್ರದ ಹೊತ್ತಿಗೇ ಒಂದು ಗ್ರೀಕ್ ನಾಟಕ: ಈ ಸಾಲಿನ ನಡುವೆ ನಿಂತವರು ಕೊನಗವಳ್ಳಿಯವರು. ಇಂಥ ಜಾಗದಲ್ಲಿ ನಿಂತ ನಟನೆಯನ್ನು ಹವ್ಯಾಸ ಎಂದು ಕರೆಯಲು ಮನಸ್ಸು ಹೇಗೆ ಬರುತ್ತದೆ?

‘ಪಲ್ಲವಿ’ (1976) ಈ ವಾದಕ್ಕೆ ದೊಡ್ಡ ಸಾಕ್ಷಿ. ತಮ್ಮದೇ ‘ಬಿರುಕು’ ಕಾದಂಬರಿಯನ್ನು ಆಧರಿಸಿ ಲಂಕೇಶ್ ನಿರ್ದೇಶಿಸಿದ ಮೊದಲ ಚಿತ್ರ. ಅತ್ಯುತ್ತಮ ನಿರ್ದೇಶಕನಿಗಿರುವ ರಾಷ್ಟ್ರಪ್ರಶಸ್ತಿ ತಂದ ಚಿತ್ರ. ‘ಸಂಸ್ಕಾರ’ಕ್ಕೆ ಸಂಗೀತ ಕೊಟ್ಟ ಸರೋದ್ ವಾದಕ ರಾಜೀವ ತಾರಾನಾಥರೇ ಇದಕ್ಕೂ ಸಂಗೀತ ಕೊಟ್ಟರು. ಲಂಕೇಶ್ ಇಲ್ಲಿ ಆರಿಸಿಕೊಂಡದ್ದು ಬೀದಿ ತಿರುಗಿದರೆ ಸಿಗುವಂಥ ಮುಖಗಳನ್ನು: ವಿಮಲಾ ನಾಯ್ಡು, ಟಿ.ಎನ್. ಸೀತಾರಾಂ. ಸೀತಾರಾಂ ‘ಮಾಯಾಮೃಗ’, ‘ಮುಕ್ತ’ ಧಾರಾವಾಹಿಗಳಿಂದ ಮನೆಮಾತಾದದ್ದು ಎಷ್ಟೋ ವರ್ಷಗಳ ಮೇಲೆ. ಚಿತ್ರದ ಕಥೆ ಹೆಣ್ಣಿನ ಕಡೆಯಿಂದ ನಡೆಯುತ್ತದೆ. ನವ್ಯರ ಕಥೆಗಳಲ್ಲಿ ಗಂಡಸಿನ ತಳಮಳ ಎಲ್ಲವನ್ನೂ ನುಂಗುತ್ತಿದ್ದ ಕಾಲದಲ್ಲಿ ಕ್ಯಾಮೆರಾವನ್ನು ಅವಳ ಕಡೆ ತಿರುಗಿಸಿ ಗಂಡಸನ್ನು ಅವಳ ಕಣ್ಣಲ್ಲಿ ತೋರಿಸಿದ ಈ ಪಲ್ಲಟ ಎಲ್ಲಿಂದ ಬಂತು? ಬೇರೆಯವರ ನೆನಪಿನಲ್ಲಿ ಮಾತ್ರ ಬದುಕುವ ಪಾತ್ರವನ್ನು ಒಮ್ಮೆ ಮಾಡಿದವರಿಗೆ, ಮನುಷ್ಯ ತಾನು ತಿಳಿದುಕೊಂಡಂತೆ ಇರುವುದಿಲ್ಲ, ಎದುರಿನವರು ಕಂಡಂತೆಯೂ ಇರುತ್ತಾನೆ ಎಂಬುದು ಮೈಯಲ್ಲೇ ಗೊತ್ತಿರುತ್ತದೆ. ‘ಪಲ್ಲವಿ’ಯಲ್ಲಿ ಅವರು ನಟರಿಂದ ದೊಡ್ಡ ಮಾತು, ದೊಡ್ಡ ಅಳು ಬೇಡಲಿಲ್ಲ, ತಾವು ನಾರಣಪ್ಪನಿಗೆ ಕೊಟ್ಟ ಅದೇ ನಿರಾಳತೆಯನ್ನು ಅವರಿಂದ ಬೇಡಿದರು.

ಆಮೇಲಿನ ಚಿತ್ರಗಳ ವಿಷಯದಲ್ಲಿ ನಾನು ವಕಾಲತ್ತು ವಹಿಸುವುದಿಲ್ಲ. ‘ಅನುರೂಪ’, ‘ಖಂಡವಿದೆಕೊ ಮಾಂಸವಿದೆಕೊ’ ಎರಡೂ ‘ಪಲ್ಲವಿ’ಯ ಎತ್ತರ ಮುಟ್ಟಲಿಲ್ಲ. ‘ಎಲ್ಲಿಂದಲೋ ಬಂದವರು’ (1980) ಜನರಿಗೆ ಹತ್ತಿರವಾಯಿತು, ಅದರ ಹಾಡುಗಳು ಈಗಲೂ ಉಳಿದಿವೆ. ಚಿತ್ರವಾಗಿ ಅದು ಸಡಿಲ. ಆ ವರ್ಷವೇ ಪತ್ರಿಕೆ ಶುರುವಾಯಿತು, ಸಿನಿಮಾ ನಿಂತಿತು. ಪತ್ರಿಕೆಯ ದೊಡ್ಡ ಬೆಳಕಿನಲ್ಲಿ ಹಿಂದಿನ ಹತ್ತು ವರ್ಷ ಪೀಠಿಕೆಯಂತೆ ಕಂಡಿತು. ಆದರೆ ಆ ಹತ್ತು ವರ್ಷ ಇದ್ದವರಿಗೆ ಅದು ಪೀಠಿಕೆ ಎಂದು ಗೊತ್ತಿರಲಿಲ್ಲ. ಅವರು ಚಿತ್ರ ಮಾಡುತ್ತಿದ್ದರು, ಅಷ್ಟೇ. ನಟನೆಯನ್ನು ಅವರು ಮುಂದುವರಿಸಲಿಲ್ಲ ಎಂಬ ಆಕ್ಷೇಪಕ್ಕೂ ಉತ್ತರ ಇಲ್ಲೇ ಇದೆ. ಆ ಕಾಲದ ಕನ್ನಡ ಚಿತ್ರರಂಗದಲ್ಲಿ ಇಂಥ ನಟನಿಗೆ ಎರಡನೆಯ ಪಾತ್ರ ಬರೆಯುವವರಿದ್ದರೇ? ಜನಪ್ರಿಯ ಚಿತ್ರಗಳಿಗೆ ಅವರು ಬೇಕಿರಲಿಲ್ಲ. ಹೊಸ ಅಲೆಯ ಚಿತ್ರಗಳು ಮತ್ತೆ ಮತ್ತೆ ಬಯಸಿದ್ದು ಕಾರ್ನಾಡರಂಥ, ಮುಂದೆ ಅನಂತನಾಗರಂಥ, ಒಳಗೊಳಗೇ ಕುದಿಯುವ ಸುಶಿಕ್ಷಿತ ಮುಖಗಳನ್ನು. ಹಳ್ಳಿಯಿಂದ ಬಂದ, ಓದಿದ, ಆದರೆ ಓದು ತನ್ನ ಒರಟನ್ನು ಅಳಿಸಲು ಬಿಡದ ಮುಖಕ್ಕೆ ಜಾಗ ಸಿಗಲು ಕನ್ನಡ ಸಿನಿಮಾ ಬಹಳ ಕಾಲ ಕಾಯಬೇಕಾಯಿತು.

ಶಿವಮೊಗ್ಗದವರಿಗೆ ಈ ಪಾತ್ರದ ಮೇಲೆ ಇನ್ನೊಂದು ಹಕ್ಕೂ ಇದೆ. ಕಥೆಯಲ್ಲಿ ಕೇಡು ಬರುವುದು ನಮ್ಮ ಊರಿನಿಂದ. ಅಗ್ರಹಾರದವರಿಗೆ ಶಿವಮೊಗ್ಗ ಎಂದರೆ ಹೋಟೆಲು, ಪೇಟೆ, ಕೆಟ್ಟುಹೋಗುವ ಜಾಗ. ನಾರಣಪ್ಪ ಜ್ವರ ಹೊತ್ತುತಂದದ್ದು ಇಲ್ಲಿಂದ, ಪ್ಲೇಗಿನ ಸುದ್ದಿ ಬರುವುದೂ ಇಲ್ಲಿಂದ. ಚಿತ್ರ ತೆಗೆದದ್ದು ಶೃಂಗೇರಿಯ ಹತ್ತಿರದ ವೈಕುಂಠಪುರದಲ್ಲಿ, ತುಂಗೆಯ ಮೇಲುಹರಿವಿನಲ್ಲಿ. ಅಗ್ರಹಾರವನ್ನು ಕದಡುವ ಮನುಷ್ಯನ ಪಾತ್ರಕ್ಕೆ ಅದೇ ಹೊಳೆಯ ಕೆಳಹರಿವಿನ, ಅಗ್ರಹಾರ ಹೆದರಿದ ಅದೇ ಪೇಟೆಯ ಕಡೆಯ ಮನುಷ್ಯ ಬಂದ. ಅಷ್ಟಾದರೂ ಊರಿನ ಹೆಮ್ಮೆಯ ಪಟ್ಟಿಯಲ್ಲಿ ನಟ ಲಂಕೇಶರಿಗೆ ಒಂದು ಸಾಲಿಲ್ಲ.

2024ರಲ್ಲಿ ಗಿರೀಶ ಕಾಸರವಳ್ಳಿಯವರ ‘ಘಟಶ್ರಾದ್ಧ’ದ ದುರಸ್ತಿಗೊಂಡ ಪ್ರತಿ ವೆನಿಸ್ ಉತ್ಸವದಲ್ಲಿ ತೆರೆಕಂಡಾಗ ಈ ಜಿಲ್ಲೆ ಸಂಭ್ರಮಪಟ್ಟಿತು, ಪಡಬೇಕಾದದ್ದೇ. ಅಂಥ ಆರೈಕೆ ‘ಪಲ್ಲವಿ’ಗೂ ಸಿಗಬೇಕು. ಅದಕ್ಕೆ ದೊಡ್ಡ ಹಣ, ದೊಡ್ಡ ಸಂಸ್ಥೆ ಬೇಕು, ಕಾಯೋಣ. ಕಾಯದೆ ಮಾಡಬಹುದಾದ ಕೆಲಸವೂ ಇದೆ. ಲಂಕೇಶ್ ಪಾಠ ಮಾಡಿದ ಸಹ್ಯಾದ್ರಿ ಕಾಲೇಜು ಈಗ ಕುವೆಂಪು ವಿಶ್ವವಿದ್ಯಾಲಯದ ಭಾಗ. ವಿಶ್ವವಿದ್ಯಾಲಯ ಇರುವುದು ಭದ್ರಾವತಿ ತಾಲ್ಲೂಕಿನ ಶಂಕರಘಟ್ಟದಲ್ಲಿ. ಅವರ ಕಥೆ, ಪತ್ರಿಕೆಗಳ ಮೇಲೆ ಬರೆಯುವ ವಿದ್ಯಾರ್ಥಿಗಳಲ್ಲಿ ಒಬ್ಬರು ‘ಸಂಸ್ಕಾರ’ವನ್ನು ನಾರಣಪ್ಪನ ಒಂದೊಂದು ದೃಶ್ಯವಾಗಿ ಬಿಡಿಸಿ ನೋಡಲಿ. ಇನ್ನೊಬ್ಬರು ಕಾರ್ಖಾನೆಯ ನಾಟಕಗಳಿಂದ ದೊಡ್ಡಣ್ಣನವರ ಅಭಿನಯಕ್ಕೆ ಬಂದದ್ದೇನು ಎಂದು ಕೇಳಲಿ. ಆ ನಾಟಕಗಳಲ್ಲಿ ಜೊತೆಗೆ ಬಣ್ಣ ಹಚ್ಚಿದವರಲ್ಲಿ ಉಳಿದವರ ಮಾತನ್ನು ಈಗಲೇ ದಾಖಲಿಸಿಕೊಂಡರೆ ಅರ್ಧ ಕೆಲಸ ಆದಂತೆ.